ಗಾಡಿಯ ಮೂತಿ ಯಾವ ಕಡೆ
ನಮ್ಮ ಪಬ್ಬಿನ ಕ್ಲಿಫರ್ಡ್ ಟಾವ್ನರ್ ಎರಡು ದಿನದ ಪ್ರವಾಸಕ್ಕೆ ಚಳಿಗಾಲವಿಡೀ ಯೋಜನೆ ಹಾಕುವ ಆಸಾಮಿ. ಮೇಜಿನ ಮೇಲೆ ನಕ್ಷೆ ಹರವಿ, ಅದು ಸುರುಳಿಯಾಗದಂತೆ ನಮ್ಮ ಬಿಯರ್ ಗ್ಲಾಸುಗಳನ್ನೇ ಮೂಲೆಗಿಟ್ಟು, ಎತ್ತಿ ಕುಡಿಯಲೂ ಬಿಡುವುದಿಲ್ಲ. ಮೊದಲು ಕಾಟ್ಸ್‌ವೋಲ್ಡ್ ಗುಡ್ಡಗಾಡಿನ ಹಳ್ಳಿಗಳು, ಆಮೇಲೆ ಬ್ರಿಸ್ಟಲ್ ಬಂದರು. ಯಾವ ಇಗರ್ಜಿ ಹಳೆಯದು, ಎಲ್ಲಿಯ ಕೇಕು ರುಚಿ, ಇದೊಂದೂ ಅವನಿಗೆ ಬೇಡ. ಕಾರು ನಿಲ್ಲಿಸುವ ಜಾಗದ್ದೊಂದೇ ಚಿಂತೆ. "ಗಾಡಿ ಮೂತಿ ನೀರಿನ ಕಡೆಗೇ ಇರ್ಬೇಕು ಕಣಯ್ಯ. ಗೋಡೆ ಕಡೆಗಾದ್ರೆ ಆ ಊರೇ ಬೇಡ" ಎಂದು ಚೆಂದದ ಹಳ್ಳಿಗಳನ್ನೇ ಪಟ್ಟಿಯಿಂದ ಹೊಡೆದುಹಾಕುತ್ತಾನೆ. "ಊರು ನೋಡೋಕೆ ಹೋಗ್ತೀಯೋ, ಪಾರ್ಕಿಂಗ್ ನೋಡೋಕೋ?" ಎಂದು ನಾವು ಕಾಲೆಳೆಯುತ್ತೇವೆ. ಹೋಗಿಬಂದ ಮೇಲೆ ಪ್ರತಿವರ್ಷ ಒಂದೇ ವರದಿ: "ಹಾಳು ಮಳೆ! ಕಾರಲ್ಲೇ ಕೂತು ಸ್ಯಾಂಡ್‌ವಿಚ್ ತಿಂದ್ವಿ." ಈ ಮೇ ತಿಂಗಳಲ್ಲಿ ನಾನು ಕೆಲಸದ ಮೇಲೆ ಬ್ರಿಸ್ಟಲ್‌ಗೆ ಹೋದಾಗ ಬಂದರಿನಲ್ಲಿ ಅವನ ಕಾರು ಕಂಡಿತು. ಸುಡುಬಿಸಿಲು, ಊರಿಗೆ ಊರೇ ಐಸ್‌ಕ್ರೀಮ್ ಹಿಡಿದು ಓಡಾಡುತ್ತಿತ್ತು. ಮುಂದಿನ ಸೀಟಿನಲ್ಲಿ, ನಾವು ಹೆಸರು ಕೇಳಿದ್ದೇ ಹೊರತು ಎಂದೂ ಕಾಣದ ಅವನ ಹೆಂಡತಿ ಬೆರಿಲ್, ಸ್ವಾಧೀನವಿಲ್ಲದ ಕಾಲುಗಳ ಮೇಲೆ ಕಂಬಳಿ ಹೊದ್ದು, ದೋಣಿಗಳನ್ನು ನೋಡುತ್ತ ನಗುತ್ತಿದ್ದಳು. ಕ್ಲಿಫರ್ಡ್ ಹೊರಗೆ ನಿಂತು ಅವಳ ಮುಂದಿನ ಗಾಜು ಒರೆಸುತ್ತಿದ್ದ. ನನ್ನನ್ನು ಕಂಡವನೇ ಆಕಾಶ ತೋರಿಸಿ, "ಇನ್ನೇನು ಸುರಿಯತ್ತೆ, ಅದಕ್ಕೇ ಇವಳು ಇಳೀಲಿಲ್ಲ" ಎಂದ. ಒಂದೇ ಒಂದು ಮೋಡವಿಲ್ಲದ ಆಕಾಶವನ್ನು ನಾನೂ ನೋಡಿದೆ, ಕೋಟಿನ ಗುಂಡಿ ಹಾಕಿಕೊಂಡೆ.