ಊರಿಗೆ ಹೋಗದ ಒಂದು ಮೇ ತಿಂಗಳು

ಇಪ್ಪತ್ತಾರು ವರ್ಷ ನೌಕರಿ ಮಾಡಿದ ಮೇಲೆ ಒಂದು ದಿನ ನನಗೆ ಹೊಳೆಯಿತು: ನಾನು ಈವರೆಗೆ ರಜೆ ಎಂಬುದನ್ನು ಅನುಭವಿಸಿಯೇ ಇಲ್ಲ. ಮುಂಬಯಿ ಪಕ್ಕದ ಠಾಣೆ ನಗರದ ನಮ್ಮ ಕಚೇರಿಯ ಹಾಜರಿ ಪುಸ್ತಕ ತೆಗೆದು ನೋಡಿದರೆ ಪ್ರತಿ ಮೇ ತಿಂಗಳಲ್ಲೂ ಹದಿನೈದು ದಿನ ನನ್ನ ಸಹಿ ಇಲ್ಲ. ಆ ಹದಿನೈದು ದಿನ ನಾನು ಊರಲ್ಲಿರುತ್ತಿದ್ದೆ. ಊರಿಗೆ ಹೋಗುವುದನ್ನು ರಜೆ ಎಂದು ಮೊದಲು ಕರೆದವರು ಯಾರೋ ಗಂಡಸರಿರಬೇಕು.

ಡೊಂಬಿವಲಿ, ಠಾಣೆ, ನವಿ ಮುಂಬಯಿ ಕಡೆ ನೆಲೆಸಿದ ನಮ್ಮ ಉಡುಪಿಯವರ ಕ್ರಮ ನಿಮಗೆ ಗೊತ್ತಿದ್ದದ್ದೇ. ಸಂಕ್ರಾಂತಿಯ ಎಳ್ಳು ಬಾಯಲ್ಲಿರುವಾಗಲೇ ಕೊಂಕಣ ರೈಲಿನ ಟಿಕೆಟಿನ ಮಾತು ಶುರು. ಮಾರ್ಚಿನಿಂದ ಯಾರು ಎದುರಾದರೂ ಒಂದೇ ಪ್ರಶ್ನೆ, "ಊರಿಗೆ ಯಾವಾಗ?" ಊರಿಗೆ ಹೋದ ಮೇಲೆ ಎರಡು ಮದುವೆ, ಒಂದು ಉಪನಯನ, ಒಂದು ಗೃಹಪ್ರವೇಶ, ಕೊನೆಗೆ ನಮ್ಮ ಮನೆತನದ ನಾಗಬನದಲ್ಲಿ ವರ್ಷಕ್ಕೊಮ್ಮೆ ಹಾಲೆರೆದು ಮಾಡುವ ತಂಬಿಲ ಸೇವೆ. ತಂಬಿಲದ ದಿನ ಅರುವತ್ತು ಎಲೆ. ಮುಂಬಯಿಯ ಸೊಸೆ ವರ್ಷವಿಡೀ ಕುರ್ಚಿಯಲ್ಲಿ ಕೂತಿರುವವಳು ಎಂದು ಎಲ್ಲರಿಗೂ ಗೊತ್ತಿರುವುದರಿಂದ ತೆಂಗಿನಕಾಯಿ ತುರಿಯುವ ಕೆಲಸ ಪ್ರೀತಿಯಿಂದ ಅವಳ ಪಾಲಿಗೇ ಬರುತ್ತದೆ. ಜೂನ್ ಮೊದಲ ವಾರ ಕಚೇರಿಗೆ ಬಂದು ಕುಳಿತಾಗಲೇ ನನ್ನ ಸೊಂಟಕ್ಕೆ ನಿಜವಾದ ವಿಶ್ರಾಂತಿ.

ಐವತ್ತೊಂದನೆಯ ವರ್ಷದಲ್ಲಿ ನಾನು ಮಗಳ ಕೈಯಿಂದ ಒಂದು ಫಾರ್ಮ್ ತುಂಬಿಸಿದೆ. ಹಿಮಾಚಲದಲ್ಲಿ ಆರು ದಿನದ ಟ್ರೆಕ್ಕಿಂಗ್. ಗೈಡ್, ಟೆಂಟ್, ಊಟ ಎಲ್ಲ ಅವರದೇ. ಗಮ್ಯ ಹದಿನಾಲ್ಕು ಸಾವಿರ ಅಡಿ ಎತ್ತರದಲ್ಲಿರುವ ಒಂದು ಜೋತ್. ಎರಡು ಶಿಖರಗಳ ನಡುವೆ ಆಚೆ ಕಣಿವೆಗೆ ದಾಟುವ ಜಾಗಕ್ಕೆ ಅಲ್ಲಿನವರು ಹಾಗೆನ್ನುತ್ತಾರೆ. ಅಲ್ಲಿ ನಿಂತು ಆಚೆ ಬದಿಯನ್ನು ನೋಡಿ, ಬಂದ ದಾರಿಯಲ್ಲೇ ಹಿಂದಿರುಗುವುದು. ಈ ಹುಚ್ಚು ಎಲ್ಲಿಂದ ಹತ್ತಿತು ಎಂದು ಎಲ್ಲರೂ ಕೇಳಿದರು. ದಿನವೂ ಡೊಂಬಿವಲಿಯಿಂದ ಠಾಣೆಗೆ ಲೋಕಲ್ ರೈಲಿನ ಬಾಗಿಲಲ್ಲಿ ಜೋತುಬಿದ್ದು ಮುಂಬ್ರಾದ ಗುಡ್ಡ ನೋಡುತ್ತಾ ಹೋದವಳು ನಾನು. ಇಪ್ಪತ್ತಾರು ವರ್ಷ ಒಂದು ಗುಡ್ಡವನ್ನು ಕೆಳಗಿನಿಂದಲೇ ನೋಡಿದವಳಿಗೆ ಇಷ್ಟಾದರೂ ಹುಚ್ಚು ಹತ್ತದಿದ್ದರೆ ಅದೇ ಆಶ್ಚರ್ಯ.

ಹೊರಡುವ ದಿನ ತಂಬಿಲದ ವಾರದಲ್ಲೇ ಬಂದಿತ್ತು. ಊರಲ್ಲಿ ಭಾವನ ಸಂಸಾರದೊಂದಿಗೆ ಇರುವ ಅತ್ತೆಗೆ ನಾನೇ ಫೋನ್ ಮಾಡಿ ಹೇಳಿದೆ.

"ಮನೆಯ ಸೊಸೆ ತಂಬಿಲಕ್ಕೆ ಇಲ್ಲ ಅಂದ್ರೆ ಜನ ಎಂತ ಹೇಳಿಯಾರು?" ಎಂದರು ಅತ್ತೆ. "ಆ ಗುಡ್ಡದ ಮೇಲೆ ಯಾವ ದೇವರುಂಟು?"

"ಯಾವ ದೇವರೂ ಇಲ್ಲ ಅತ್ತೆ."

"ಹಾಗಾದ್ರೆ ಹೋಗುದು ಯಾಕೆ?"

"ಹೋಗ್ಬೇಕು ಅಂತ ಆಗಿದೆ."

ಅತ್ತೆ ಫೋನ್ ಇಟ್ಟುಬಿಟ್ಟರು. ನಮ್ಮವರಿಗೆ ಠಾಣೆಯ ನೌಪಾಡಾದಲ್ಲಿ ಒಂದು ಸಣ್ಣ ಸಸ್ಯಾಹಾರಿ ಹೋಟೆಲುಂಟು. ಗಿರಾಕಿಗೆ ಬೇಸರವಾಗದಂತೆ ಮಾತಾಡುವುದು ಅವರಿಗೆ ಮೂವತ್ತು ವರ್ಷದ ಅಭ್ಯಾಸ. ಅವರೊಂದು ಉಪಾಯ ಹೇಳಿದರು. "ಬದರಿಗೆ ಯಾತ್ರೆ ಹೋಗುದು ಅಂತ ಹೇಳು ಮಾರಾಯ್ತಿ. ಅಮ್ಮನೂ ಸುಮ್ಮನಾಗ್ತಾರೆ, ನಿಂಗೂ ಪುಣ್ಯ." ಉಪಾಯ ಚೆನ್ನಾಗಿತ್ತು. ದೇವರ ಹೆಸರು ಹೇಳಿದರೆ ಹೆಂಗಸು ಪರ್ವತವನ್ನೂ ಹತ್ತಬಹುದು, ಸಮುದ್ರವನ್ನೂ ಈಸಬಹುದು. ಅದಕ್ಕೇ ನನಗೆ ಸಿಟ್ಟು ಬಂತು. ಕಾರಣವಿಲ್ಲದೆ, ಹರಕೆಯಿಲ್ಲದೆ, ನನಗೆ ಬೇಕೆನಿಸಿದ್ದಕ್ಕಾಗಿ ಹದಿನೈದು ದಿನ ಹೋಗಿ ಬರುವ ಹಕ್ಕು ಈ ಜನ್ಮದಲ್ಲಿ ಉಂಟೋ ಇಲ್ಲವೋ ತಿಳಿಯಬೇಕಿತ್ತು. ಸುಳ್ಳು ಹೇಳಿ ಹೋದರೆ ಅದು ತಿಳಿಯುವುದು ಹೇಗೆ?

ನಮ್ಮ ಮದುವೆಗಳಲ್ಲಿ ಕಾಶೀಯಾತ್ರೆ ಎಂದೊಂದು ಶಾಸ್ತ್ರ ಇದೆಯಲ್ಲ, ಆಗೆಲ್ಲ ಅದೇ ನೆನಪಾಗುತ್ತಿತ್ತು. ಮದುಮಗ ಕೊಡೆ, ಕೋಲು ಹಿಡಿದು, ಸಂಸಾರವೇ ಬೇಡವೆಂದು ಕಾಶಿಗೆ ಹೊರಡುತ್ತಾನೆ. ನಾಲ್ಕು ಹೆಜ್ಜೆ ಇಡುವಷ್ಟರಲ್ಲಿ ಮಾವ ಅಡ್ಡ ಬಂದು, ಮಗಳನ್ನು ಕೊಡುತ್ತೇನೆ, ಬಾರಪ್ಪ ಎಂದು ಕರೆತರುತ್ತಾನೆ. ನಮ್ಮವರೂ ಹಾಗೆ ಛತ್ರದ ಮೆಟ್ಟಿಲವರೆಗೆ ಹೊರಟವರೇ. ನಮ್ಮ ಮನೆಯಲ್ಲಿ ಅದುವರೆಗೆ ನಡೆದ ಏಕೈಕ ಟ್ರೆಕ್ಕಿಂಗ್ ಅದು. ಹಿರಿಯರು ಇಷ್ಟೆಲ್ಲ ಯೋಚಿಸಿ ಶಾಸ್ತ್ರ ಮಾಡಿದರು, ಆದರೆ ಮದುಮಗಳೂ ಒಮ್ಮೆ ಕೊಡೆ ಹಿಡಿದು ಹೊರಟು ನೋಡಲಿ ಎಂದು ಒಬ್ಬರಿಗೂ ತೋಚಲಿಲ್ಲ. ಅವಳು ಹೊರಟರೆ ತಿರುಗಿ ಬರುತ್ತಾಳೋ ಇಲ್ಲವೋ ಎಂಬ ಭಯ ಇದ್ದಿರಬಹುದು.

ಇಂಥ ಪ್ರವಾಸಕ್ಕೆ ದುಡ್ಡು ಕಟ್ಟಿದರೆ ಸಾಲದು. ದೇಹ ಗಟ್ಟಿಯಿದೆ ಎಂದು ಡಾಕ್ಟರ ಪತ್ರ ಬೇಕು, ಎರಡು ತಿಂಗಳು ಅಭ್ಯಾಸ ಬೇಕು, ಬೆನ್ನಿಗೆ ಭಾರ ಹೇರಿಕೊಂಡು ಮೆಟ್ಟಿಲು ಹತ್ತಬೇಕು. ಡೊಂಬಿವಲಿಯಲ್ಲಿ ಪುಕ್ಕಟೆಯಾಗಿ ಸಿಗುವ ಪರ್ವತವೆಂದರೆ ಸ್ಟೇಷನ್ನಿನ ಸೇತುವೆ. ಹೋಟೆಲಿನ ಎಂಟು ಕಿಲೋ ಉದ್ದಿನ ಬೇಳೆಯನ್ನು ಬ್ಯಾಗಿಗೆ ತುಂಬಿ ಪ್ರತಿ ಭಾನುವಾರ ಬೆಳಿಗ್ಗೆ ಪೂರ್ವದಿಂದ ಹತ್ತಿ ಪಶ್ಚಿಮಕ್ಕೆ ಇಳಿಯುತ್ತಿದ್ದೆ, ಪುನಃ ಪಶ್ಚಿಮದಿಂದ ಹತ್ತಿ ಪೂರ್ವಕ್ಕೆ. ಮೂರನೆಯ ವಾರ ಒಬ್ಬ ಪೊಲೀಸ್ ನನ್ನನ್ನು ತಡೆದ. ಏಳು ಸಲ ಸೇತುವೆ ದಾಟಿಯೂ ಎಲ್ಲಿಗೂ ಹೋಗದ ಹೆಂಗಸನ್ನು ಕಂಡು ಅವನಿಗೆ ಅನುಮಾನ ಬಂದದ್ದು ಸಹಜ.

"ಬ್ಯಾಗೇತ ಕಾಯ್ ಆಹೇ?" ಬ್ಯಾಗಿನಲ್ಲಿ ಏನಿದೆ ಎಂದು ಕೇಳಿದ.

"ಉಡದಾಚೀ ಡಾಳ," ಉದ್ದಿನ ಬೇಳೆ ಎಂದೆ.

"ಕಶಾಲಾ?" ಅದು ಯಾತಕ್ಕೆಂದು ಅವನ ಪ್ರಶ್ನೆ.

"ಹಿಮಾಲಯಾತ ಜಾಯ್ಚಂ ಆಹೇ," ಹಿಮಾಲಯಕ್ಕೆ ಹೋಗಲಿಕ್ಕುಂಟು ಎಂದೆ.

ಅವನು ಬ್ಯಾಗ್ ಬಿಚ್ಚಿಸಿ, ಬೇಳೆಯನ್ನು ಮುಟ್ಟಿ ನೋಡಿ, ನನ್ನ ಮುಖವನ್ನೂ ನೋಡಿ, ಜಾಗ್ರತೆಯಿಂದ ಮನೆಗೆ ಹೋಗಿ ಎಂದು ಮರಾಠಿಯಲ್ಲಿ ಬಹಳ ಮೃದುವಾಗಿ ಹೇಳಿದ. ಹುಚ್ಚರೊಡನೆ ಹಾಗೆಯೇ ಮಾತಾಡಬೇಕೆಂದು ಅವನಿಗೆ ಯಾರೋ ಕಲಿಸಿರಬೇಕು. ಅವನು ಆಚೆ ಹೋದ ಮೇಲೆ ನಾನು ಇನ್ನೂ ಮೂರು ಸಲ ಹತ್ತಿಳಿದೆ.

ಮೇ ತಿಂಗಳು ಬಂತು. ಅತ್ತೆ ನನ್ನೊಡನೆ ಮಾತು ಬಿಟ್ಟಿದ್ದರು. ನಮ್ಮವರು ತಂಬಿಲಕ್ಕೆ ಒಬ್ಬರೇ ಊರಿನ ರೈಲು ಹತ್ತಿದರು, ನಾನು ಉತ್ತರದ ರೈಲು ಹತ್ತಿದೆ. ದೇವದಾರು ಮರಗಳ ಬುಡದಲ್ಲಿ ನಮ್ಮ ಹನ್ನೆರಡು ಜನರ ಗುಂಪನ್ನು ಸಾಲಾಗಿ ನಿಲ್ಲಿಸಿ ಗೈಡ್ ಪ್ರೇಮ್ ಸಿಂಗ್ ನಿಯಮಗಳನ್ನು ಹೇಳಿದ. ದಿನಕ್ಕೆ ನಾಲ್ಕು ಲೀಟರ್ ನೀರು ಕುಡಿಯಬೇಕು. ಹಸಿವಾಗದಿದ್ದರೂ ಉಣ್ಣಬೇಕು. ಬೆಳಿಗ್ಗೆ ಸಂಜೆ ಬೆರಳಿಗೆ ಕ್ಲಿಪ್ಪಿನಂಥ ಯಂತ್ರ ಸಿಕ್ಕಿಸಿ ರಕ್ತದಲ್ಲಿ ಆಮ್ಲಜನಕ ಎಷ್ಟಿದೆ ಎಂದು ನೋಡುತ್ತಾರೆ. ತಲೆ ನೋವನ್ನು ಅಡಗಿಸಿಡಬಾರದು. ಎಲ್ಲಕ್ಕಿಂತ ಮುಖ್ಯವಾಗಿ, ನಿಧಾನವಾಗಿ ನಡೆಯಬೇಕು.

ಮೊದಲ ನಾಲ್ಕನ್ನೂ ನಾನು ಒಪ್ಪಿದೆ. ಕೊನೆಯದು ನನ್ನ ಕಿವಿಗೆ ಬೀಳಲೇ ಇಲ್ಲ. ಮುಂದೆ ಯಾರಾದರೂ ನಡೆಯುತ್ತಿದ್ದರೆ ಅವರನ್ನು ದಾಟದೆ ಇರುವುದು ಡೊಂಬಿವಲಿಯವರ ರಕ್ತದಲ್ಲೇ ಇಲ್ಲ. ನಿಧಾನ ನಡೆದರೆ ಫಾಸ್ಟ್ ಲೋಕಲ್ ತಪ್ಪುತ್ತದೆ, ಅದು ತಪ್ಪಿದರೆ ಸಾಹೇಬರ ಮುಖ, ಸಂಜೆಯ ಅಡುಗೆ, ಎಲ್ಲವೂ ಕೆಡುತ್ತದೆ. ಇಪ್ಪತ್ತೈದರ ಹುಡುಗರನ್ನೂ ಬದಿಗೆ ಸರಿಸಿ, "ಸೈಡ್, ಸೈಡ್" ಎನ್ನುತ್ತಾ ನಾನು ಹತ್ತಿದೆ. ಗೈಡ್ ಹಿಂದಿನಿಂದ ಕೂಗಿದ್ದು ಹೊಗಳಿಕೆ ಎಂದುಕೊಂಡೆ. ಡೇರೆಗಳಿದ್ದಲ್ಲಿಗೆ ಎಲ್ಲರಿಗಿಂತ ಒಂದು ಗಂಟೆ ಮೊದಲೇ ತಲುಪಿ, ಕಲ್ಲಿಲ್ಲದ ಸಮ ಜಾಗದ ಡೇರೆಯೊಂದನ್ನು ಆರಿಸಿ, ಅದರೊಳಗೆ ನನ್ನ ಕರವಸ್ತ್ರ ಹಾಸಿದೆ. ಸೀಟು ಹಿಡಿಯುವುದೆಂದರೆ ಹಾಗೇ ಅಲ್ಲವೇ? ಹನ್ನೆರಡು ಜನರಿಗೆ ಆರು ಡೇರೆ ಮೊದಲೇ ಹಂಚಿಯಾಗಿದೆ ಎಂದು ಅಡುಗೆಯವರು ಹೇಳಿದರೂ ನಾನು ಕರವಸ್ತ್ರ ತೆಗೆಯಲಿಲ್ಲ.

ಸಂಜೆಗೆ ತಲೆ ಒಡೆದುಹೋಗುವಂಥ ನೋವು. ಸೂಪು ಹೊಟ್ಟೆಯಲ್ಲಿ ನಿಲ್ಲಲಿಲ್ಲ. ಯಂತ್ರ ತೋರಿಸಿದ ಅಂಕೆ ನೋಡಿ ಪ್ರೇಮ್ ಸಿಂಗ್ ನನ್ನ ಪಕ್ಕ ಕುಳಿತ. ನೀವು ಶಕ್ತಿಯಿಲ್ಲದವರಲ್ಲ ದೀದಿ, ಆತುರದವರು, ಬೆಳಿಗ್ಗೆಗೆ ಅಂಕೆ ಏರದಿದ್ದರೆ ಕೆಳಗೆ ಕಳಿಸುತ್ತೇನೆ, ಎಂದು ಹಿಂದಿಯಲ್ಲಿ ಹೇಳಿದ. ಅತ್ತೆಯನ್ನು ಎದುರು ಹಾಕಿಕೊಂಡು, ತಂಬಿಲ ತಪ್ಪಿಸಿ, ಸೇತುವೆಯ ಮೇಲೆ ಹುಚ್ಚಿ ಅನ್ನಿಸಿಕೊಂಡು ಬಂದವಳು ಮೊದಲ ದಿನವೇ ವಾಪಸು ಹೋಗುವುದೆಂದರೆ! ಆ ಹೊತ್ತು ನನಗೆ ನಿಜವಾಗಿ ಹೆದರಿಕೆಯಾಯಿತು. ಸಾಯುವ ಹೆದರಿಕೆಯಲ್ಲ. ಎಲ್ಲರೂ "ನಾವು ಹೇಳಿರ್ಲಿಲ್ವಾ" ಎನ್ನುತ್ತಾರಲ್ಲ, ಅದರ ಹೆದರಿಕೆ.

ಬೆಳಿಗ್ಗೆ ಅಂಕೆ ಏರಿತ್ತು. ಆದರೆ ಒಂದು ಕರಾರು: ಇನ್ನು ಮುಂದೆ ನಾನು ಗುಂಪಿನ ಕೊನೆಯಲ್ಲಿ, ಪ್ರೇಮ್ ಸಿಂಗನ ಹಿಂದೆ ನಡೆಯಬೇಕು, ಅವನನ್ನು ದಾಟಕೂಡದು. ಅವನೋ, ಎತ್ತಿನ ಗಾಡಿಗಿಂತ ನಿಧಾನ. ಎರಡನೆಯ ದಿನವಿಡೀ ಅವನ ಬೆನ್ನನ್ನು ನೋಡುತ್ತಾ ಮನಸ್ಸಿನಲ್ಲೇ ಬೈದೆ. ನಿಧಾನ ನಡೆದದ್ದಕ್ಕೆ ನನಗೆ ಅಂತರಂಗ ಶಾಂತವಾಯಿತು, ಪ್ರಕೃತಿಯ ಜೊತೆ ಒಂದಾದೆ ಎಂದೆಲ್ಲ ಬರೆದರೆ ನಿಮಗೂ ಚಂದ ಕಾಣುತ್ತಿತ್ತು. ಹಾಗೇನೂ ಆಗಲಿಲ್ಲ. ಬೆಟ್ಟ ಚೆನ್ನಾಗಿತ್ತು, ಡೇರೆಯಲ್ಲಿ ಚಳಿ ಇತ್ತು, ಗುಂಡಿ ತೋಡಿ ಮಾಡಿದ ಪಾಯಖಾನೆಗೆ ಬಾಗಿಲಿನ ಬದಲು ಜಿಪ್ ಇತ್ತು, ಮತ್ತು ನಾನು ಸಿಟ್ಟಿನಲ್ಲೇ ಇದ್ದೆ. ಮೂರನೆಯ ದಿನ ಮಾತ್ರ, ಮೊದಲು ಓಡಿದ ಹುಡುಗರಲ್ಲಿ ಇಬ್ಬರು ತಲೆ ಹಿಡಿದುಕೊಂಡು ದಾರಿಯಲ್ಲಿ ಕುಳಿತಿದ್ದಾಗ ನಾನು ಅವರನ್ನು ದಾಟಿದೆ. ನಿಧಾನವಾಗಿಯೇ ದಾಟಿದೆ, ಆದರೂ ಖುಷಿಯಾಯಿತು.

ನಾಲ್ಕನೆಯ ದಿನ ಜೋತ್. ಹನ್ನೊಂದು ಗಂಟೆಗೆ ಯಾರು ಎಲ್ಲಿದ್ದರೂ ಹಿಂದಿರುಗಬೇಕು, ಆಮೇಲೆ ಬಿಸಿಲಿಗೆ ಹಿಮ ಮೆತ್ತಗಾಗಿ ಕಾಲು ಹೂತುಹೋಗುತ್ತದೆ, ಎಂಬುದು ನಿಯಮ. ಹನ್ನೊಂದಕ್ಕೆ ನಾನು ಕೊನೆಯ ಏರಿನ ಬುಡದಲ್ಲಿದ್ದೆ. ಮೇಲೆ ಬಣ್ಣದ ಬಾವುಟಗಳು ಕಾಣುತ್ತಿದ್ದವು. ನಮ್ಮ ಗುಂಪಿನವರು ಕುಳಿತು ಬಿಸ್ಕತ್ತು ತಿನ್ನುವುದೂ ಕಾಣುತ್ತಿತ್ತು.

"ದಸ್ ಮಿನಿಟ್, ಭೈಯಾ," ಎಂದೆ.

"ಆಪ್ ಕಾ ದಸ್ ನಹೀಂ, ಪಚ್ಚೀಸ್ ಹೋಗಾ, ದೀದಿ. ಫಿರ್ ಉತರನಾ ಭೀ ಹೈ." ನನ್ನ ಹತ್ತು ನಿಮಿಷ ಇಪ್ಪತ್ತೈದಾಗುತ್ತದೆ, ಆಮೇಲೆ ಇಳಿಯುವುದೂ ಇದೆ ಎಂಬುದು ಅವನ ಲೆಕ್ಕ.

ಚೌಕಾಸಿ ಮಾಡಿದೆ. ಬೇಡಿಕೊಂಡೆ. ಕೊನೆಗೆ ಕನ್ನಡದಲ್ಲೇ ಜಗಳ ಮಾಡಿದೆ. ಅವನು ಎಲ್ಲವನ್ನೂ ಕೇಳಿಸಿಕೊಂಡು ಇಳಿಯುವ ದಿಕ್ಕಿಗೆ ತಿರುಗಿ ನಿಂತ. ಅವನನ್ನು ಬಿಟ್ಟು ಮೇಲೆ ಓಡಬಹುದಿತ್ತು. ಆದರೆ ನನ್ನ ಹಿಂದೆ ಅವನೂ ಬರಬೇಕಾಗುತ್ತಿತ್ತು, ಮೆತ್ತಗಾದ ಹಿಮದಲ್ಲಿ ನನ್ನನ್ನು ಇಳಿಸಬೇಕಾದವನೂ ಅವನೇ. ನನ್ನ ಹಟಕ್ಕೆ ಇನ್ನೊಬ್ಬರ ಕಾಲನ್ನು ಒಡ್ಡುವುದು ಸರಿಯಲ್ಲ ಎನಿಸಿತು. ಅಳುತ್ತಾ ಇಳಿದೆ. ಸಿಟ್ಟಿನ ಅಳು ಅದು, ಯಾರೂ ಕನಿಕರ ಪಡಬೇಕಾಗಿಲ್ಲ.

ಡೊಂಬಿವಲಿಗೆ ಬಂದ ಮೇಲೆ ಲೋಕಕ್ಕೆಲ್ಲ ಒಂದೇ ಪ್ರಶ್ನೆ, "ತುದಿ ಮುಟ್ಟಿದ್ರಾ?" ಮಗಳು, "ಮಮ್ಮೀ, ಇತನಾ ಭೀ ಬಹುತ್ ಹೈ ನಾ," ಇಷ್ಟಾದದ್ದೇ ಬಹಳ, ಎಂದು ಸಮಾಧಾನ ಮಾಡಿದಳು. ನಮ್ಮವರು ಇನ್ನೂ ಮುಂದೆ ಹೋದರು. ಒಂದು ಶನಿವಾರ ಹೋಟೆಲಿಗೆ ಹೋದರೆ, ಹಿಮದ ನಡುವೆ ನಾನು ನಿಂತ ಫೋಟೋ ಗಲ್ಲಾದ ಹಿಂದೆ ಗೋಡೆಯಲ್ಲಿತ್ತು. "ನಮ್ಮ ಮಿಸೆಸ್, ಫೋರ್ಟೀನ್ ಥೌಸಂಡ್ ಫೀಟ್, ಟಾಪ್ ತಕ್ ಗಯೀ," ಎಂದು ಅವರು ಇಡ್ಲಿ ತಿನ್ನುವ ಗಿರಾಕಿಯೊಬ್ಬರಿಗೆ ಹೇಳುತ್ತಿದ್ದರು. ನಾನು ಆ ಮೇಜಿಗೆ ಹೋಗಿ, ಇಲ್ಲ, ಟಾಪಿಗೆ ಹೋಗಿಲ್ಲ, ಸ್ವಲ್ಪ ಕೆಳಗಿಂದಲೇ ವಾಪಸು ಬಂದೆ ಎಂದೆ. ಗಿರಾಕಿಗೆ ಇಡ್ಲಿ ಗಂಟಲಲ್ಲಿ ನಿಂತಿತು.

"ಎಂತ ಮಾರಾಯ್ತಿ," ಎಂದು ನಮ್ಮವರು ಆಮೇಲೆ ಮೆಲ್ಲಗೆ ಕೇಳಿದರು. "ಅಷ್ಟು ಹೋದವಳಿಗೆ ಅದೊಂದು ಚೂರು ಎಂತ ದೊಡ್ಡದು? ಯಾರು ನೋಡ್ಲಿಕ್ಕೆ ಹೋಗ್ತಾರೆ?"

"ನಾನು ಹೋಗ್ತೇನೆ," ಎಂದೆ.

ಬದರಿ ಎಂದು ಸುಳ್ಳು ಹೇಳದೆ ಹೋದವಳು, ತುದಿ ಮುಟ್ಟಿದೆ ಎಂದು ಸುಳ್ಳು ಹೇಳಿ ಬರಬೇಕಾಗಿರಲಿಲ್ಲ. ಮುಟ್ಟದೆ ಬಂದದ್ದೂ ನನ್ನದೇ. ಅದನ್ನು ಯಾರೂ ನನ್ನ ಪರವಾಗಿ ತಿದ್ದಿ ಕೊಡುವುದು ಬೇಡ. ಫೋಟೋ ಮಾತ್ರ ಇರಲಿ ಎಂದೆ, ಚೆನ್ನಾಗಿ ಬಂದಿತ್ತು.

ಜೂನ್ ಕಳೆದು ಮಳೆ ಜೋರಾದ ಮೇಲೆ ಒಂದು ಗುರುವಾರ ಅತ್ತೆಯ ಫೋನ್ ಬಂತು. ನಾಲ್ಕು ತಿಂಗಳ ಮೌನ ಮುರಿದವರು ಕ್ಷೇಮ ಸಮಾಚಾರ ಕೇಳಲಿಲ್ಲ.

"ಮೇಲೆ ಮುಟ್ಲಿಲ್ಲಂತೆ?"

"ಇಲ್ಲ ಅತ್ತೆ."

"ಆಚೆ ಬದಿಯಲ್ಲಿ ಎಂತ ಉಂಟಂತೆ?"

ಅಷ್ಟು ಜನರಲ್ಲಿ ಒಬ್ಬರೂ ಇದನ್ನು ಕೇಳಿರಲಿಲ್ಲ. "ಗೊತ್ತಿಲ್ಲ ಅತ್ತೆ. ಮೇಲೆ ನಿಂತ್ರೆ ಮಾತ್ರ ಕಾಣುದು."

"ಇಲ್ಲಿ ತಂಬಿಲ ಚಂದದಲ್ಲಿ ಆಯ್ತು. ನೀನು ಬಾರದೆ ಎಂತದೂ ನಿಲ್ಲಲಿಲ್ಲ," ಎಂದರು ಅತ್ತೆ. ಚುಚ್ಚಿದರೋ ಬಿಡುಗಡೆ ಕೊಟ್ಟರೋ ತಿಳಿಯಲಿಲ್ಲ. "ಅಷ್ಟು ದೂರ ಹೋಗಿ ಆಚೆ ಬದಿ ನೋಡದೆ ಬಂದದ್ದಾ? ಹಾಗಾದ್ರೆ ಪುನಃ ಹೋಗ್ಬೇಕಾಯ್ತಲ್ಲ."

ಅಮ್ಮನ ಅಪ್ಪಣೆಯೇ ಸಿಕ್ಕಿತಲ್ಲ, ಇನ್ನು ಚಿಂತೆಯಿಲ್ಲ, ಎಂದು ನಮ್ಮವರಿಗೆ ಬಹಳ ನಿರಾಳವಾಗಿದೆ. ಸಿಕ್ಕಿದವರಿಗೆಲ್ಲ ಹಾಗೆಯೇ ಹೇಳುತ್ತಿದ್ದಾರೆ. ಅತ್ತೆಯ ಮಾತು ನನಗೂ ಸಂತೋಷ ತಂದದ್ದು ನಿಜ, ಆ ರಾತ್ರಿ ಊಟ ರುಚಿಯಾಯಿತು. ಆದರೆ ನಿಮಗಾದರೂ ಸರಿಯಾಗಿ ಗೊತ್ತಿರಲಿ. ಅತ್ತೆಯ ಫೋನ್ ಬಂದದ್ದು ಗುರುವಾರ. ಬರುವ ಮೇ ತಿಂಗಳಿಗೆ ನಾನು ರಜೆಯ ಅರ್ಜಿ ಕೊಟ್ಟದ್ದು ಅದೇ ವಾರದ ಸೋಮವಾರ.