ನನ್ನ ಮುಖದ ಅಕ್ಕ

ಅಕ್ಕ ನನಗಿಂತ ಕಾಲು ಗಂಟೆ ದೊಡ್ಡವಳು. ನಾವು ಅವಳಿ, ಎರಕ ಹೊಯ್ದಂತೆ ಒಂದೇ ಮುಖ, ಒಂದೇ ದನಿ. ಮದುವೆಯಾದ ಮೇಲೂ ವಿದ್ಯಾರಣ್ಯಪುರಂನಲ್ಲೇ ಎರಡು ರಸ್ತೆ ಆಚೀಚೆ ಉಳಿದೆವು. ಒಬ್ಬಳಿಗೆ ನೆಗಡಿಯಾದರೆ ಇನ್ನೊಬ್ಬಳು ಸೀನುತ್ತಾಳೆ ಎಂದು ಅಮ್ಮ ರೇಗಿಸುತ್ತಿದ್ದಳು. ಓಟನ್ನೂ ಒಂದೇ ಕಡೆ ಹಾಕುತ್ತಿದ್ದೆವು. ಒಂದೇ ರಕ್ತ, ಒಂದೇ ಬುದ್ಧಿ ಎಂದು ನಾನು ನಂಬಿಬಿಟ್ಟಿದ್ದೆ, ಪೆದ್ದಿ.

ನಮ್ಮ ರಸ್ತೆಯ ತಿರುವಿನಲ್ಲಿ ತರಕಾರಿ ಗಾಡಿಗಳು ನಿಲ್ಲುತ್ತಿದ್ದವು. ಅವನ್ನು ಎತ್ತಿಸಬೇಕೆಂದು ಬಡಾವಣೆಯ ಕೆಲವರು ಪಟ್ಟು ಹಿಡಿದಾಗ ಅಡ್ಡ ನಿಂತವರು ನಾವಿಬ್ಬರೇ. ಅಕ್ಕನ ಬಾಯಿ ನನಗಿಂತ ಜೋರು. "ನಿಮ್ ಕಾರು ಬೀದೀಲಿ ನಿಲ್ಬೋದು, ಅವ್ರ ಗಾಡಿ ನಿಲ್ಬಾರ್ದಾ?" ಎಂದು ಅವಳು ಕೇಳಿದ ಮೇಲೆ ಆ ಮಾತು ಅಲ್ಲಿಗೇ ಬಿತ್ತು, ಗಾಡಿಗಳು ಉಳಿದವು. ಉದಯಗಿರಿಯಿಂದ ಬರುತ್ತಿದ್ದ ಸೊಪ್ಪಿನ ಹೆಂಗಸು ಅಂದಿನಿಂದ ನಮ್ಮನ್ನು ಕಂಡರೆ ಮುಖ ಅರಳಿಸುತ್ತಿದ್ದಳು. ಆದರೆ ಯಾರು ಅಕ್ಕ, ಯಾರು ತಂಗಿ ಎಂದು ಅವಳಿಗೆ ಕೊನೆಗೂ ತಿಳಿಯಲಿಲ್ಲ.

ಒಂದು ಬೆಳಿಗ್ಗೆ ವಾಕಿಂಗ್ ಹೋಗಿದ್ದ ಅಕ್ಕನ ಸರವನ್ನು ಬೈಕಿನಲ್ಲಿ ಬಂದವರು ಕಿತ್ತುಕೊಂಡು ಹೋದರು. ಕತ್ತಿನ ಗಾಯ ಮಾಯಿತು, ಭಯ ಮಾಯಲಿಲ್ಲ. ಬೈಕಿನ ಸದ್ದು ಕೇಳಿದರೆ ಗೋಡೆಗೆ ಅಂಟಿಕೊಳ್ಳುತ್ತಿದ್ದಳು. ಟೀವಿಯಲ್ಲಿ ಕಿರುಚುವವರೆಲ್ಲ ಅವಳಿಗೆ ಧೈರ್ಯ ಹೇಳುವವರಂತೆ ಕಾಣತೊಡಗಿದರು.

"ಎಲ್ಲಾ ಬಿಗಿ ಮಾಡ್ಬೇಕು ಕಣೆ. ಎಲ್ಲಿಂದ್ಲೋ ಬಂದೋರ್ನೆಲ್ಲ ಬೀದೀಲಿ ನಿಲ್ಲಿಸ್ಕೊಂಡ್ರೆ ಇನ್ನೇನಾಗುತ್ತೆ?"

ಮೈ ಮೊದಲು ಹೆದರುತ್ತದೆ. ಬುದ್ಧಿ ಆಮೇಲೆ ನಿಧಾನವಾಗಿ ಅದಕ್ಕೊಂದು ರಾಜಕೀಯ ಹುಡುಕಿಕೊಡುತ್ತದೆ. ನಾನದನ್ನು ಕಣ್ಣಾರೆ ಕಂಡೆ. ನನ್ನ ಸರವನ್ನು ಯಾರೂ ಕಿತ್ತಿರಲಿಲ್ಲ, ಹಾಗಾಗಿ ಉದಾರವಾಗಿರುವುದು ನನಗೆ ಸುಲಭವಿತ್ತು. ಬೆಂದವಳಿಗೆ ಬಿಸಿಯ ಬಗ್ಗೆ ಉಪದೇಶ ಮಾಡಬಾರದೆಂದು ಸುಮ್ಮನಾದೆ.

ಅಷ್ಟರಲ್ಲಿ ಗಾಡಿಗಳ ವಿಷಯ ಮತ್ತೆ ಎದ್ದಿತು. ಈ ಬಾರಿ ಅಕ್ಕನನ್ನು ಕರೆಯದೆ, ಸೊಪ್ಪಿನವಳನ್ನು ಜೊತೆಗಿಟ್ಟುಕೊಂಡು ವಾರ್ಡ್ ಕಚೇರಿಗೆ ಹೋದೆ. ಅಲ್ಲಿನ ಅಧಿಕಾರಿ ನನ್ನನ್ನು ನೋಡಿ ಹುಬ್ಬೇರಿಸಿದರು.

"ಇದೇನ್ ಮೇಡಂ? ನಿನ್ನೆ ತಾನೆ ನೀವೇ ಬಂದು, ಗಾಡಿಗಳ್ನ ತೆಗೆಸ್ಬುಡಿ, ಅವತ್ತು ನಾನು ತಪ್ ತಿಳ್ಕೊಂಡಿದ್ದೆ ಅಂದ್ರಲ್ಲಾ? ಪರವಾಗಿದ್ದೋರೇ ಬೇಡ ಅಂದ್ಮೇಲೆ ನಾವೇನ್ ಮಾಡಣ? ಆರ್ಡರ್ ಹೊರಟಾಯ್ತು."

"ಅದು ನಾನಲ್ಲ, ನಮ್ಮಕ್ಕ" ಎಂದೆ. ನನಗೇ ಅದು ಸುಳ್ಳಿನಂತೆ ಕೇಳಿಸಿತು. ಸೊಪ್ಪಿನವಳು ನನ್ನ ಮುಖವನ್ನು ಒಂದು ಗಳಿಗೆ ದಿಟ್ಟಿಸಿ, ಸೆರಗು ಸರಿಮಾಡಿಕೊಂಡು ಹೊರಟುಹೋದಳು.

ನೇರ ಅಕ್ಕನ ಮನೆಗೆ ಹೋದೆ. ಅವಳು ಅವರೆಕಾಯಿ ಬಿಡಿಸುತ್ತಾ ಕೂತಿದ್ದಳು.

"ಅಲ್ಲಿ ಯಾರ ಹೆಸರು ಹೇಳ್ದೆ?"

"ನಿಂದೇ." ತಲೆ ಎತ್ತಲಿಲ್ಲ. "ನಂದು ಹೇಳಿದ್ರೆ, ಪಾಪ ಹೆದರ್ಕೊಂಡವ್ಳೆ ಅಂತ ಕಾಫಿ ಕೊಟ್ಟು ಕಳಿಸ್ಬುಡ್ತಿದ್ರು. ನಿನ್ ಮಾತಾದ್ರೆ ಕೇಳ್ತಾರೆ."

ಮೈಯೆಲ್ಲ ಉರಿದುಹೋಯಿತು. ಅವಳ ಭಯಕ್ಕೆ ನಾನು ಎಷ್ಟೊಂದು ನೆಪ ಹುಡುಕಿದ್ದೆ! ನರ, ರಕ್ತ, ನಿದ್ದೆಗೇಡು, ಎಲ್ಲವನ್ನೂ ಅವಳ ಪರ ಸಾಕ್ಷಿಗೆ ಕರೆದಿದ್ದೆ. ಹೆದರಿದ್ದು ಅವಳ ಮೈ, ಅದನ್ನು ಒಪ್ಪುತ್ತೇನೆ. ಆದರೆ ಸೀರೆ ಉಟ್ಟು, ಕಚೇರಿಯ ಮೆಟ್ಟಿಲು ಹತ್ತಿ, ನನ್ನ ಹೆಸರು ಹೇಳಿದ್ದು ಅವಳೇ. ಒಡಹುಟ್ಟಿದವಳು ಕತ್ತು ಕೊಯ್ಯಲು ಚಾಕು ಬೇಕಿಲ್ಲವೆಂದು ಅಂದು ತಿಳಿಯಿತು. ಅವಳ ಮನೆಗೆ ಹೋಗುವುದನ್ನು ಬಿಟ್ಟೆ.

ತಿರುವು ಖಾಲಿಯಾಯಿತು. ಕೆಲವು ವಾರಗಳ ನಂತರ ಕೃಷ್ಣಮೂರ್ತಿಪುರಂನಲ್ಲಿ ಸೊಪ್ಪಿನವಳು ಬಿಸಿಲಲ್ಲಿ ಗಾಡಿ ತಳ್ಳಿಕೊಂಡು ಹೋಗುತ್ತಿದ್ದುದು ಕಂಡಿತು. ಓಡಿಹೋಗಿ ಎದುರು ನಿಂತೆ.

"ನಾನು ಕಣಮ್ಮ, ತಂಗಿ" ಎಂದೆ.

"ಸೊಪ್ಪು ಆಗೋಯ್ತು" ಎಂದಳು.

ಗಾಡಿಯ ತುಂಬ ಸೊಪ್ಪಿತ್ತು.