ಮೀನಿಲ್ಲದ ಬುಧವಾರ

ನಿನ್ನೆ ಸಂಜೆ ಮಹಿಳಾ ಗ್ರಾಮಸಭೆ ಮುಗಿಸಿ ತೆಕ್ಕಟ್ಟೆಯ ಮನೆಗೆ ಬಂದಾಗ ಗೇಟಿನ ಎದುರು ಮೀನಿನ ಸ್ಕೂಟರ್ ನಿಂತಿತ್ತು. ಪೆಟ್ಟಿಗೆಯಿಂದ ಸೋರಿದ ಬಂಗಡೆ ನೀರಿನ ವಾಸನೆ ಮೂಗಿಗೆ ಬಡಿದದ್ದೇ ನಮ್ಮ ಮೀನಿನ ಅಕ್ಕ ನೆನಪಾದರು. ಸಭೆಗೆ ಬಂದವರು ಬೆರಳೆಣಿಕೆಯ ಹೆಂಗಸರು. ಊರಿನ ಮಹಿಳಾ ಸಂಘದ ಕಾರ್ಯದರ್ಶಿ ಎಂದು ವಾರವಿಡೀ ಫೋನ್ ಮಾಡಿ ಗಂಟಲು ಒಣಗಿಸಿಕೊಂಡವಳು ನಾನು. ಸಾಕುಸಾಕಾಗಿತ್ತು.

ಅಕ್ಕ ಬೀಜಾಡಿಯವರು. ನಾನು ಶಾಲೆಗೆ ಹೋಗುತ್ತಿದ್ದ ಕಾಲದಲ್ಲಿ ಮೀನಿನ ಬುಟ್ಟಿ ಹೊತ್ತು, "ಹ್ವಾಯ್, ಬಂಗ್ಡಿ ಇತ್ತ್!" ಎಂದು ಕೂಗುತ್ತ ನೇರ ಹಿತ್ತಿಲ ಬಾಗಿಲಿಗೇ ಬರುತ್ತಿದ್ದರು. ಜಗಲಿಯಲ್ಲಿ ಕುಳಿತ ಗಂಡಸರು ಅತ್ತ ತಿರುಗಿಯೂ ನೋಡುತ್ತಿರಲಿಲ್ಲ. ಮೀನು ಆರಿಸುವ ನೆಪದಲ್ಲಿ ಅಮ್ಮ ಅವರ ಹತ್ತಿರ ಹೇಳಿಕೊಂಡ ಸಂಗತಿಗಳನ್ನು ಅಜ್ಜಿಗೂ ಹೇಳಿದ್ದಿಲ್ಲ...

ಆಗ ಶಾಲೆಯ ದಾರಿಯಲ್ಲಿ ಸಾರಾಯಿ ಅಂಗಡಿ ಬಂತು. ಕುಡಿದವರ ಕಾಟಕ್ಕೆ ಹೆದರಿ, ದೊಡ್ಡ ಹುಡುಗಿಯರನ್ನು ಶಾಲೆ ಬಿಡಿಸುವ ಮಾತು ಮನೆಮನೆಯಲ್ಲೂ ಶುರುವಾಯಿತು. ಅಕ್ಕ ಭಾಷಣ ಮಾಡಿದವರಲ್ಲ. ತಟ್ಟೆಗೆ ಮೀನು ಹಾಕುತ್ತ ಎಲ್ಲ ಹಿತ್ತಿಲಲ್ಲೂ ಒಂದೇ ಮಾತು ಹೇಳಿದರು.

"ಒಬ್ಳೇ ಹೋರೆ ಬೈದ್ ಕಳಿಸ್ತ್ರ್. ಎಲ್ರೂ ಹೋರೆ ಕೂತ್ಕಣಿ ಅಂತ್ರ್. ಬುಧವಾರ ಪಂಚಾಯ್ತಿಗ್ ಹೋಪ."

"ಮನಿಯಂಗೆ ಎಂತ ಹೇಳಿ ಹೊರ್ಡೂದ್?" ಅಮ್ಮ ಕೇಳಿದಳು.

"ಆ ದಿನ ನಾ ಬತ್ತಿಲ್ಲೆ. ‘ಪ್ಯಾಟಿಗೆ ಮೀನಿಗ್ ಹೋತೆ’ ಅನ್ನಿ."

ಮೀನಿಲ್ಲದೆ ಅನ್ನ ಇಳಿಯದ ಗಂಡಸರು ಇದಕ್ಕೆ ಬೇಡ ಎನ್ನುವುದುಂಟೆ! ಬುಧವಾರ ಕೈಚೀಲ ಹಿಡಿದ ಹೆಂಗಸರಿಂದ ಪಂಚಾಯಿತಿ ಅಂಗಳ ತುಂಬಿಹೋಯಿತು. ಅಂಗಡಿ ಎತ್ತಿಸುವ ಮಾತು ಸಿಗುವ ತನಕ ಒಬ್ಬರೂ ಕದಲಲಿಲ್ಲ. ಆ ತಿಂಗಳೇ ಅದರ ಬಾಗಿಲು ಮುಚ್ಚಿತು.

ಆದರೆ ಆ ಬುಧವಾರ ಗೆದ್ದ ಸಂಭ್ರಮದಲ್ಲಿ ಮೀನು ಕೊಳ್ಳುವುದು ಒಬ್ಬರಿಗೂ ನೆನಪಾಗಿರಲಿಲ್ಲ. ಎಲ್ಲರೂ ಖಾಲಿ ಚೀಲದಲ್ಲೇ ಮನೆ ಸೇರಿದ್ದರು. ಊಟಕ್ಕೆ ಕುಳಿತ ಗಂಡಸರ ಎದುರು ಬರೀ ತರಕಾರಿ ಹುಳಿ ಬಂದಾಗ ಗುಟ್ಟು ರಟ್ಟಾಯಿತು. ಯಾರ ಉಪಾಯ ಎಂಬುದೂ ಹೊರಬಿತ್ತು.

ಅವಳ ಮೀನು ಇನ್ನು ಮನೆಗೆ ಬರಕೂಡದು ಎಂದು ಅಪ್ಪಣೆಯಾಯಿತು. ಸಾರಾಯಿ ಅಂಗಡಿಯನ್ನೇ ಮುಚ್ಚಿಸಿದ ಹೆಂಗಸರಿಗೆ ಈ ಮಾತನ್ನು ಮೀರಲಾಗಲಿಲ್ಲ. ನನ್ನ ಅಮ್ಮನಿಗೂ. "ಇವತ್ತ್ ಬ್ಯಾಡ" ಎಂದು ಬಾಗಿಲ ಸಂದಿಯಿಂದಲೇ ಹೇಳಿದಳು. ಅಕ್ಕ ತಲೆಯ ಮೇಲಿನ ಬುಟ್ಟಿ ಇಳಿಸಲೂ ಇಲ್ಲ.

"ಅಡ್ಡಿಲ್ಲೆ ಮಾರಾಯ್ತಿ. ಹೆಣ್ಣ್ ಮಕ್ಕಳ್ ಶಾಲಿಗ್ ಹೋತ್ರಲೆ."

ಕೆಲವು ದಿನ ತುಂಬಿದ ಬುಟ್ಟಿಯಲ್ಲೇ ಬಂದು ತುಂಬಿದ ಬುಟ್ಟಿಯಲ್ಲೇ ಹೋದರು. ಆಮೇಲೆ ಬರಲಿಲ್ಲ... ಸಿಗಡಿ ಸುಲಿಯುವ ಕೆಲಸಕ್ಕೆ ಸೇರಿದರಂತೆ.

ಈಗ ಹೆದ್ದಾರಿಯ ಬದಿಯಲ್ಲಿ ಝಗಮಗಿಸುವ ಬಾರ್ ಇದೆ. ನಮ್ಮ ಮಹಿಳಾ ದಿನಾಚರಣೆಯಲ್ಲಿ ರಂಗೋಲಿ ಸ್ಪರ್ಧೆ ಇದೆ. ಬಾರಿನ ಬಗ್ಗೆ ಅರ್ಜಿ ಬರೆದೂ ಬರೆದೂ ನನ್ನ ಕೈ ಸೋತಿದೆ.

ಸ್ಕೂಟರಿನವನೂ ಬೀಜಾಡಿಯವನೇ. ಅಕ್ಕನ ಗುರುತು ಹೇಳಿ, ಹೇಗಿದ್ದಾರೆ ಎಂದು ಕೇಳಿದೆ.

"ಅವ್ರ್ ತೀರ್ಕಂಡ್ರಲೆ, ಹ್ವಾದ ಮಳಿಗಾಲ್ದಂಗೆ. ನಿಮ್ಗ್ ಗೊತ್ತಿಲ್ಯಾ?"

ಗೊತ್ತಿರಲಿಲ್ಲ. ಅವರು ತೆರೆಸಿಕೊಟ್ಟ ದಾರಿಯಲ್ಲೇ ನಡೆದು ಓದಿದ ನಮಗೆ ಯಾರಿಗೂ ಗೊತ್ತಿರಲಿಲ್ಲ. ಬೇಕಾದ್ದಕ್ಕಿಂತ ಹೆಚ್ಚೇ ಬಂಗಡೆ ಕೊಂಡೆ. ಆದರೆ ಅಂದು ನಮ್ಮ ಹಿತ್ತಿಲಿಂದ ತುಂಬಿಯೇ ಮರಳಿದ ಬುಟ್ಟಿ ಇನ್ನು ಹಗುರಾಗುವಂತಿಲ್ಲ.